ಹೆಸರು ಹೇಳಲಿಲ್ಲ

ಶಹಾಪುರದ ಬಳಿಯ ಸಗರ ಎಂಬ ಊರಿನ ಕೆಳಗಿನ ಓಣಿಯಲ್ಲಿ ಬೆಳಗಾಗುವುದು ಮಾನಮ್ಮನ ಬಾಯಿಂದ. ಹತ್ತಿ ಬಿಡಿಸುವ ಕಾಲ ಬಂತೆಂದರೆ ಹೊಲದವರು ಹಿಂದಿನ ಸಂಜೆಯೇ ಬಂದು ಇಷ್ಟು ಹೆಣ್ಣಾಳು ಬೇಕು ಎಂದು ಹೇಳಿಹೋಗುತ್ತಾರೆ. ಬೆಳಗ್ಗೆ ಐದಕ್ಕೆ ಮಾನಮ್ಮ ಸೆರಗು ಸೊಂಟಕ್ಕೆ ಸಿಕ್ಕಿಸಿ ಓಣಿಯ ಈ ತುದಿಯಿಂದ ಆ ತುದಿಗೆ ನಡೆಯುತ್ತ ಕೂಗುತ್ತಾಳೆ. “ಏ ತಿಮ್ಮವ್ವಾ, ಏ ಹಂಪಮ್ಮಾ, ಏ ಫಿರ್ದೌಸಾ, ಏಳ್ರೇ, ಟಂಟಂ ಬಂತು!” ಟಂಟಂ ಅಂದರೆ ಆಳುಗಳನ್ನು ಹೊಲಕ್ಕೆ ಒಯ್ಯುವ ಆಟೋ. ಹೀಗೆ ಮೂವತ್ತು ಹೆಸರು. ಪಟ್ಟಿ ಇಲ್ಲ, ಚೀಟಿ ಇಲ್ಲ. ಇದ್ದರೂ ಆಕೆಗೆ ಓದಲು ಬರುವುದಿಲ್ಲ. ಯಾರ ಮನೆಯಲ್ಲಿ ಬಾಣಂತಿ, ಯಾರಿಗೆ ಜ್ವರ, ಯಾರು ಗಂಡನ ಜೊತೆ ಜಗಳಾಡಿ ತವರಿಗೆ ಹೋಗಿದ್ದಾರೆ ಎಂಬುದೆಲ್ಲ ತಲೆಯಲ್ಲೇ ಇರುತ್ತದೆ. ಆ ಹೆಸರುಗಳನ್ನು ಬಿಟ್ಟು ಉಳಿದವನ್ನು ಕೂಗುತ್ತಾಳೆ. ಆ ದನಿಗೆ ಪಕ್ಕದ ಓಣಿಯ ನಾಯಿಗಳೂ ಎದ್ದು ಕೂರುತ್ತವೆ.

ಇಂಥ ಬಾಯಿಯವಳು ಇಪ್ಪತ್ತೆರಡು ವರ್ಷದ ಸಂಸಾರದಲ್ಲಿ ಒಂದು ಹೆಸರನ್ನು ಮಾತ್ರ ಒಮ್ಮೆಯೂ ಕೂಗಲಿಲ್ಲ. ಅದು ಆಕೆಯ ಗಂಡನ ಹೆಸರು. ಈ ಬರಹದಲ್ಲಿಯೂ ಅದು ಮೊದಲು ಆಕೆಯ ಬಾಯಿಂದಲೇ ಬರಲಿ ಎಂಬುದು ನನ್ನ ಆಸೆ. ಅಲ್ಲಿಯವರೆಗೆ ನಾನೂ ಆಕೆ ಕರೆದಂತೆ ‘ಪಂಚಶೀಲಾನ ಅಪ್ಪ’ ಎಂದೇ ಕರೆಯುತ್ತೇನೆ. ಪಂಚಶೀಲಾ ಅವರ ಒಬ್ಬಳೇ ಮಗಳು.

ಗಂಡನ ಹೆಸರು ಹೇಳಿದರೆ ಆತನ ಆಯುಷ್ಯ ಕಡಿಮೆಯಾಗುತ್ತದೆ ಎಂದು ನಮ್ಮ ಕಡೆಯ ಹಳೆಯ ಹೆಂಗಸರು ಇಂದಿಗೂ ನಂಬುತ್ತಾರೆ. ರೇಷನ್ ಅಂಗಡಿಯಲ್ಲಿ, ದವಾಖಾನೆಯಲ್ಲಿ ಗಂಡನ ಹೆಸರು ಕೇಳಿದರೆ ಪಕ್ಕದವಳನ್ನು ಮೊಣಕೈಯಿಂದ ತಿವಿದು “ನೀ ಹೇಳೇ” ಅನ್ನುತ್ತಾರೆ. ಪಕ್ಕದವಳ ಸರದಿ ಬಂದಾಗ ಈಕೆ ಆ ಋಣ ತೀರಿಸುತ್ತಾಳೆ. ಮದುವೆಯ ದಿನ ಮಾತ್ರ ಒಡಪು ಹಾಕಿ, ಅಂದರೆ ಪದದ ಸಾಲಿನೊಳಗೆ ಹೆಸರು ಸೇರಿಸಿ ಹೇಳಬಹುದು. ಹುಣಸಗಿ ಕಡೆಯ ಹಳ್ಳಿಯಿಂದ ಮಾನಮ್ಮ ಮದುವೆಯಾಗಿ ಬಂದ ದಿನ ನಾದಿನಿಯರು ಬಾಗಿಲಿಗೆ ಅಡ್ಡ ನಿಂತು ಸತಾಯಿಸಿದಾಗ ಒಮ್ಮೆ ಹೇಳಿದ್ದಳಂತೆ. ಅಷ್ಟೇ.

ಪಂಚಶೀಲಾನ ಅಪ್ಪ ಹತ್ತಿ ಮಿಲ್ಲುಗಳಲ್ಲಿ ಹಮಾಲಿ. ಎತ್ತರದ ಆಳು. ಎಡಗೈಯ ಹೆಬ್ಬೆರಳು ಅರ್ಧ ಇರಲಿಲ್ಲ, ಮಿಲ್ಲಿನ ಯಂತ್ರ ತಿಂದಿತ್ತು. ಧೂಳು ಕುಡಿದು ಕುಡಿದು ಗಂಟಲಲ್ಲಿ ಒಂದು ಒಣ ಕೆಮ್ಮು ಕಾಯಮ್ಮಾಗಿ ನಿಂತಿತ್ತು. ಬುದ್ಧವಂದನೆ, ಸಭೆ, ಭಾಷಣ ಯಾವುದನ್ನೂ ತಪ್ಪಿಸುತ್ತಿರಲಿಲ್ಲ, ಹೆಂಡವನ್ನು ಮುಟ್ಟುತ್ತಿರಲಿಲ್ಲ. ಮೂಢನಂಬಿಕೆ ಬಿಡಬೇಕೆಂದು ಸಭೆಯಲ್ಲಿ ಕೇಳಿಬಂದ ದಿನವೆಲ್ಲ ಹೆಂಡತಿಯ ಮುಂದೆ ಕೂತು ಚುಡಾಯಿಸುತ್ತಿದ್ದ.

“ಊರ ಮಂದಿ ಹೆಸರೆಲ್ಲ ಒದರ್ತಿ. ನಂದೊಂದು ಒದರು ನೋಡೋಣು.”

“ನಿಮ್ಮ ಹೆಸರು ಒದರಿ ಏನ್ ಮಾಡ್ಲಿ? ಹತ್ತಿ ಬಿಡಸಾಕ ಬರ್ತೀರೇನು?”

“ಸತ್ತ ಮ್ಯಾಲರ ಹೇಳ್ತಿಯೋ ಇಲ್ಲೋ?”

“ಥೂ, ದೀಪ ಹಚ್ಚೂ ಹೊತ್ತಿನ್ಯಾಗ ಏನ್ ಮಾತಿದು!”

ಇದನ್ನೆಲ್ಲ ನನಗೆ ಹೇಳಿದ್ದು ಮಾನಮ್ಮನೇ. ಹೇಳುವಾಗ ನಕ್ಕಳು ಕೂಡ.

ನಾಲ್ಕು ವರ್ಷದ ಹಿಂದೆ, ಹತ್ತಿಯ ಸುಗ್ಗಿಯಲ್ಲೇ, ಒಂದು ಮಿಲ್ಲಿನಲ್ಲಿ ಮೋಟಾರಿನ ತಾಮ್ರದ ತಂತಿ ಕಳುವಾಯಿತು. ಪೊಲೀಸರು ಮಧ್ಯಾಹ್ನ ಬಂದು ಇಬ್ಬರು ಹಮಾಲರನ್ನು ಜೀಪಿಗೆ ಹತ್ತಿಸಿಕೊಂಡು ಹೋದರು. ಒಬ್ಬ ಪಂಚಶೀಲಾನ ಅಪ್ಪ, ಇನ್ನೊಬ್ಬ ಅದೇ ಊರಿನ ಯಾಕೂಬಸಾಬ. ಠಾಣೆ ಯಾವುದೆಂದು ನಾನು ಬರೆಯುವುದಿಲ್ಲ. ಶಹಾಪುರದ್ದಲ್ಲ, ಸುರಪುರದ್ದಲ್ಲ, ಯಾದಗಿರಿಯದೂ ಅಲ್ಲ ಎಂದಷ್ಟೇ ಹೇಳಬಲ್ಲೆ. ಉಳಿದದ್ದನ್ನು ಹೇಳುವ ಧೈರ್ಯ ನನಗಿದ್ದಿದ್ದರೆ ಈ ಕಥೆಯೇ ಬೇರೆ ಇರುತ್ತಿತ್ತು.

ಹೊತ್ತು ಇಳಿಯುವಾಗ ಯಾಕೂಬಸಾಬ ಒಬ್ಬನೇ ಕುಂಟುತ್ತ ಊರಿಗೆ ಬಂದ. ಮಾನಮ್ಮನ ಅಂಗಳದಲ್ಲಿ ನಿಂತು, “ನಿನ್ನ ಮನಿಯಾಂವ ಇನ್ನಾ ಒಳಗ ಇದ್ದಾನವ್ವ, ಜಲ್ದಿ ಹೋಗು” ಎಂದ. ಅಷ್ಟೇ ಹೇಳಿ ಮನೆ ಸೇರಿ ಕದ ಹಾಕಿಕೊಂಡ. ಆ ಮೇಲೆ ಆತ ಆ ವಿಷಯದಲ್ಲಿ ಯಾರ ಮುಂದೆಯೂ ಬಾಯಿ ತೆರೆದಿಲ್ಲ.

ಮಾನಮ್ಮ ಸಿಕ್ಕ ಟಂಟಂ ಹತ್ತಿ ಹೋದಳು. ಮಗಳು ಆಗ ಸುರಪುರದ ಹಾಸ್ಟೆಲ್ಲಿನಲ್ಲಿ ಓದುತ್ತಿದ್ದಳು. ಜೊತೆಗೆ ಯಾರೂ ಇರಲಿಲ್ಲ. ಠಾಣೆಯ ಮೇಜಿನ ಹಿಂದೆ ಒಬ್ಬ ಪೇದೆ ದೊಡ್ಡ ಪುಸ್ತಕ ತೆರೆದುಕೊಂಡು ಕೂತಿದ್ದ.

“ಯಾರು ಬೇಕು?”

“ನಮ್ಮ ಮನಿಯವರು ರೀ.”

“ಹೆಸರೇನು?”

“ಪಂಚಶೀಲಾನ ಅಪ್ಪ ರೀ.”

“ನಿನ್ನ ಮಗಳ ಹೆಸರು ಯಾರು ಕೇಳ್ಯಾರ? ಗಂಡನ ಹೆಸರು ಹೇಳು.”

ಮಾನಮ್ಮ ತಿವಿಯಲು ಪಕ್ಕದಲ್ಲಿ ಯಾರಾದರೂ ಇದ್ದಾರೆಯೇ ಎಂದು ನೋಡಿದಳು. ಬೆಂಚು ಖಾಲಿ ಇತ್ತು. ಸಗರದವರು ಅಂದಳು, ಹಮಾಲಿ ಅಂದಳು, ಎತ್ತರ ಅದಾರ ಅಂದಳು, ಎಡಗೈ ಹೆಬ್ಬೆಟ್ಟು ಅರ್ಧ ಇಲ್ಲ ಎಂದು ತನ್ನ ಬೆರಳನ್ನೇ ಹಿಡಿದು ತೋರಿಸಿದಳು. ಪೇದೆ ನಕ್ಕು, “ಹೆಸರಿಲ್ಲದವರು ಇಲ್ಲಿ ಯಾರೂ ಇಲ್ಲ, ನಡಿ” ಎಂದ. ಅದೇ ಹೊತ್ತಿಗೆ ಒಳಗಿನ ಕೋಣೆಯಿಂದ ಕೆಮ್ಮು ಕೇಳಿತು. ಇಪ್ಪತ್ತೆರಡು ವರ್ಷ ಪಕ್ಕದಲ್ಲಿ ಮಲಗಿ ಕೇಳಿದ ಕೆಮ್ಮು.

“ಬಾಯಿ ತನಕ ಬಂದಿತ್ತು ತಮ್ಮ,” ಎಂದು ಆಕೆ ನನಗೆ ಹೇಳಿದಳು. “ಆದ್ರ ಅವತ್ತ ಹೇಳಬಾರದು ಅನಸ್ತು. ಬ್ಯಾರೆ ದಿನ ಹೇಳಿದ್ರ ಒಂದು ದಿನ ಕಡಿಮಿ ಆಗ್ತಿತ್ತೇನೋ. ಅವತ್ತ ಅವರ ಜೀವಾನೇ ತುದಿಗಿ ನಿಂತಿತ್ತು. ನಾ ಹೆಸರು ಹೇಳಿ ಅದನ್ನ ನೂಕಲೇನು? ಹೆಸರು ಹೇಳವರನ್ನ ಕರಕೊಂಡು ಬರೋಣ ಅಂತ ಊರಿಗಿ ಓಡಿ ಬಂದೆ.”

ಯಾಕೂಬಸಾಬನ ಕದ ಬಡಿದಳು, ತೆರೆಯಲಿಲ್ಲ. ಹಿರಿಯರೊಬ್ಬರು ಬೆಳಗ್ಗೆ ಬರುವೆನೆಂದರು. ಬೆಳಗ್ಗೆ ಅವರು ಬಂದು ಹೆಸರು ಹೇಳಿದರೂ ಠಾಣೆಯಲ್ಲಿ ಅಂಥವರು ಬಂದೇ ಇಲ್ಲ ಅಂದರು, ಪುಸ್ತಕದಲ್ಲಿ ಬರೆಯಲೂ ಇಲ್ಲ. ಮೂರನೆಯ ದಿನ ಹೆಣ ಕಾಲುವೆಯ ತೂಬಿನಲ್ಲಿ ಸಿಕ್ಕಿಕೊಂಡಿತ್ತು. ಅರ್ಧ ಹೆಬ್ಬೆರಳಿನಿಂದ ಗುರುತು ಹಿಡಿದರು.

ಈಗ ನನ್ನ ವಿಷಯ ಹೇಳಬೇಕು. ನಾನು ವಿಶ್ವರಾಧ್ಯ, ಶಹಾಪುರದಲ್ಲಿ ಒಂದು ಸುದ್ದಿ ಚಾನೆಲ್ಲಿನ ವರದಿಗಾರ. ಹೇಳಿಕೊಳ್ಳಲು ದೊಡ್ಡ ಹೆಸರು. ಕೆಲಸ ನೋಡಿದರೆ ಠಾಣೆಯವರು ಕಳಿಸಿದ್ದನ್ನು ಹಾಗೇ ಬೆಂಗಳೂರಿಗೆ ದಾಟಿಸುವುದು. “ಕುಡಿದ ಅಮಲಿನಲ್ಲಿ ಕಾಲುವೆಗೆ ಬಿದ್ದು ಅಪರಿಚಿತ ವ್ಯಕ್ತಿ ಸಾವು” ಎಂದು ಅವತ್ತು ಪರದೆಯ ಕೆಳಗೆ ಓಡಿದ ಸಾಲು ನಾನು ಕಳಿಸಿದ್ದು. ವಾರದ ಮೇಲೆ ಮಾನಮ್ಮ ಮಗಳನ್ನು ಕರೆದುಕೊಂಡು ನನ್ನ ಕೋಣೆಗೆ ಬಂದಳು. ಬೈಯುತ್ತಾಳೆಂದುಕೊಂಡೆ. “ಅವರು ಕುಡೀತಿರಲಿಲ್ಲ ತಮ್ಮ, ಅಷ್ಟು ತಿದ್ದಿ ಬಿಡು” ಎಂದಳು. ನಾನು ತಿದ್ದಲಿಲ್ಲ. ಓಡಿಹೋದ ಸಾಲನ್ನು ತಿದ್ದುವ ರೂಢಿ ನಮ್ಮಲ್ಲಿಲ್ಲ. ನಾಚಿಕೆಗೋ ಏನೋ, ಆವಾಗಾವಾಗ ಸಗರಕ್ಕೆ ಹೋಗಿ ಅವರ ಕಾಗದಪತ್ರ ಓದಿ ಹೇಳುವುದನ್ನು ಮಾತ್ರ ರೂಢಿ ಮಾಡಿಕೊಂಡೆ.

ವಿಚಾರಣೆ ನಡೆಯಿತು. ಅದರ ವರದಿಯನ್ನು ಓದಿ ಹೇಳಿದವನೂ ನಾನೇ. ಆ ದಿನದ ಠಾಣೆಯ ಪುಸ್ತಕದಲ್ಲಿ ಒಂದು ಸಾಲಿತ್ತು: “ಸಂಜೆ ಒಬ್ಬ ಹೆಣ್ಣುಮಗಳು ಬಂದು ಗಂಡನನ್ನು ಕೇಳಿದಳು. ಹೆಸರು ಹೇಳಲಿಲ್ಲ.” ಅದನ್ನೇ ಹಿಡಿದು ವಿಚಾರಣೆಯವರು, ಮೃತನನ್ನು ಹೆಸರಿಟ್ಟು ಕೇಳಿಕೊಂಡು ಯಾರೂ ಠಾಣೆಗೆ ಬಂದ ದಾಖಲೆ ಇಲ್ಲ ಎಂದು ಬರೆದಿದ್ದರು. ಮಾನಮ್ಮ ಆ ಸಾಲನ್ನು ಎರಡನೆಯ ಬಾರಿ ಓದಿಸಿದಳು. ಆಮೇಲೆ ಒಳಗೆ ಹೋಗಿ ಒಲೆಯ ಮುಂದೆ ಕೂತಳು. ಅವತ್ತು ಒಲೆ ಹೊತ್ತಿಸಲಿಲ್ಲ.

ಪ್ರಕರಣ ಕೋರ್ಟಿಗೆ ಹೋಯಿತು, ಈಗಲೂ ಅಲ್ಲೇ ಇದೆ. ವಕೀಲರ ಕಾಗದಗಳಲ್ಲಿ ಆ ಹೆಸರು ನೂರು ಕಡೆ ಇರಬಹುದು. ಆಕೆಯ ಬಾಯಲ್ಲಿ ಮಾತ್ರ ಬರಲಿಲ್ಲ. “ಈಗ ಆಯುಷ್ಯ ಎಲ್ಲಿ ಅದ ಅಂತ ಕಡಿಮಿ ಆಗಬೇಕವ್ವ, ಹೇಳಿಬಿಡು” ಎಂದು ಪಂಚಶೀಲಾ ಒಮ್ಮೆ ರೇಗಿದಳು. ಅದಕ್ಕೆ ತಾಯಿ ಕೊಟ್ಟ ಉತ್ತರ ನನ್ನ ಎದೆಯಲ್ಲಿ ಇಂದಿಗೂ ಕೂತಿದೆ.

“ಇವತ್ತ ಬಾಯಿಗಿ ಬಂದ್ರ, ಅವತ್ತೂ ಬರ್ತಿತ್ತು ಅಂತ ಆಗ್ತದಲ್ಲ ಮಗಳ.”

ಕಳೆದ ಮಾಗಿಯಲ್ಲಿ ದೂರದ ಇನ್ಯಾವುದೋ ಊರಿನ ಠಾಣೆಯಲ್ಲಿ ಒಬ್ಬ ಸತ್ತ. ದೇಶವೆಲ್ಲ ಗದ್ದಲವಾಯಿತು. ಯಾರನ್ನೂ ಹಿಡಿದು ಹಿಂಸಿಸಕೂಡದು ಎಂಬ ಅಂತಾರಾಷ್ಟ್ರೀಯ ಒಪ್ಪಂದಕ್ಕೆ ನಮ್ಮ ದೇಶ ಎಂದೋ ಸಹಿ ಹಾಕಿದೆ, ಆದರೆ ಅನುಮೋದಿಸಿಲ್ಲ ಎಂಬುದು ಎಲ್ಲರಿಗೂ ಒಮ್ಮೆಲೇ ನೆನಪಾಯಿತು. ನಮ್ಮ ಚಾನೆಲ್ ಸಂಜೆ ಏಳಕ್ಕೆ ದೊಡ್ಡ ಚರ್ಚೆ ಇಟ್ಟಿತು. ಬೆಂಗಳೂರಿನ ಡೆಸ್ಕಿನಿಂದ ಫೋನು: “ವಿಶ್ವರಾಧ್ಯ, ಲಾಕಪ್ ಡೆತ್ ಫ್ಯಾಮಿಲಿ ಒಂದು ಬೇಕು. ಹಳ್ಳಿಯವರಾದ್ರೆ ಚೆನ್ನಾಗಿರತ್ತೆ. ಅಳ್ತಾರಲ್ವಾ?” ಮದುವೆಗೆ ಬಾಜಾ ಹೇಳುವವರು ಇಷ್ಟೇ ಸಲೀಸಾಗಿ ಕೇಳುತ್ತಾರೆ.

ಸಗರಕ್ಕೆ ಹೋಗಿ, ಒಪ್ಪಂದದ ಚರ್ಚೆಯಲ್ಲಿ ಮಾತಾಡಲು ಬಾ ಎಂದೆ. ಒಪ್ಪಂದವೆಂದರೇನು ಎಂದು ಮಾನಮ್ಮ ಕೇಳಿದಳು. ಎಷ್ಟು ತಿಣುಕಿದರೂ ಕಾಗದದ ಮಾತೇ ಬಂತು. ಕೊನೆಗೆ ಹೇಳಿದೆ: “ಸಹಿ ಅಂದ್ರ ನಿಶ್ಚಯ ಮಾಡಿದಂಗ. ಅನುಮೋದನೆ ಅಂದ್ರ ಮದಿವಿ ಅಕ್ಕಿಕಾಳು ಬಿದ್ದಂಗ. ನಿಶ್ಚಯ ಆಗಿ ಇಪ್ಪತ್ತೈದು ವರ್ಷದ ಮ್ಯಾಲಾತು, ಅಕ್ಕಿಕಾಳು ಇನ್ನಾ ಬಿದ್ದಿಲ್ಲ.”

“ಅಯ್ಯ ಶಿವನ! ಹಂಗಾದ್ರ ಹುಡುಗಿ ಮುದುಕಿ ಆಗ್ಯಾಳಲ್ಲೋ,” ಎಂದಳು. ಆಮೇಲೆ ಕೇಳಿದಳು: “ಅಲ್ಲಿ ನಾ ಮಾತಾಡಿದ್ದು ಯಾರ‍್ಯಾರಿಗಿ ಕೇಳಸ್ತದ?”

“ಎಲ್ಲಾರಿಗೂ.”

“ಠಾಣಾದವರಿಗೂ?”

“ಅವರ ಟಿವ್ಯಾಗೂ ಬರ್ತದ.”

“ಹಂಗಾದ್ರ ಬರ್ತೀನಿ. ಅವರ ಹೆಸರು ಹೇಳ್ತೀನಿ.”

ಪಂಚಶೀಲಾ ತಾಯಿಯ ಮುಖ ನೋಡಿದಳು. ಕಷ್ಟವಾದರೆ ಒಡಪಿನಲ್ಲಿ ಸೇರಿಸಿ ಹೇಳು ಎಂದು ಮೆಲ್ಲಗೆ ಸೂಚಿಸಿದಳು. ಮಾನಮ್ಮ ತಲೆ ಅಲ್ಲಾಡಿಸಿದಳು. “ಒಡಪು ಮುತ್ತೈದಿಯರು ಹಾಕೋದು. ನನಗ ಹಾಡಿಲ್ಲ, ಸುಮ್ಮ ಹೇಳಬೇಕು.”

ಚರ್ಚೆಯ ದಿನ ಐದು ಗಂಟೆಗೇ ಬಂದಳು. ಮಗಳನ್ನು ಊರಲ್ಲೇ ಬಿಟ್ಟಿದ್ದಳು. ತಿಮ್ಮವ್ವನ ಮನೆಯ ಟಿವಿಯಲ್ಲಿ ನೋಡಿ, ಫೋನಿನಲ್ಲಿ ತುಂಬಿಸಿಡಲು ಹೇಳಿದ್ದಳು. ಶಹಾಪುರದ ನನ್ನ ಕೋಣೆಯಲ್ಲಿ ಕುರ್ಚಿ ಹಾಕಿ, ಎದುರಿಗೆ ಸ್ಟ್ಯಾಂಡಿನಲ್ಲಿ ಫೋನ್ ಸಿಕ್ಕಿಸಿ, ಮುಖಕ್ಕೆ ಬೆಳಕು ಬಿಟ್ಟೆ. ಇಳಕಲ್ಲ ಸೀರೆಯ ಸೆರಗನ್ನು ತಲೆಯ ಮೇಲೆ ಹೊದ್ದು ನೆಟ್ಟಗೆ ಕೂತಳು. ಆರು ಗಂಟೆಗೆ ಡೆಸ್ಕಿನಿಂದ ಒಂದು ಸಂದೇಶ ಬಂತು: “ಕೇಸ್ ಕೋರ್ಟಿನಲ್ಲಿದೆ. ಯಾವ ಹೆಸರೂ ಬೇಡ. ಲೀಗಲ್‌ನವರು ಹೇಳಿದ್ದಾರೆ.” ಹಾವೂ ಸಾಯಬಾರದು, ಕೋಲೂ ಮುರಿಯಬಾರದು. ಅಧಿಕಾರಿಗಳ ಹೆಸರು ಬೇಡ ಎಂದಿರಬೇಕು ಅಂದುಕೊಂಡೆ. ಹಾಗೆ ಅಂದುಕೊಳ್ಳುವುದು ನನಗೆ ಅನುಕೂಲವಾಗಿತ್ತು. ಮಾನಮ್ಮನಿಗೆ ಏನೂ ಹೇಳಲಿಲ್ಲ.

ಚರ್ಚೆ ಶುರುವಾಯಿತು. ಆಕೆಯ ಕಿವಿಯಲ್ಲೊಂದು ತಂತಿ, ನನ್ನ ಕಿವಿಯಲ್ಲೊಂದು. ಒಂದು ಪಕ್ಷದ ವಕ್ತಾರ, “ನಮ್ಮ ಠಾಣೆಗಳನ್ನು ಹೊರಗಿನವರು ಬಂದು ತಪಾಸಣೆ ಮಾಡಬೇಕೆ? ನಾವು ಸಾರ್ವಭೌಮ ರಾಷ್ಟ್ರ!” ಎಂದು ಗುಡುಗಿದ. ಇನ್ನೊಂದು ಪಕ್ಷದವ, “ನಿಮ್ಮ ಕಾಲದಲ್ಲಿ ಎಷ್ಟು ಸಾವು, ಲೆಕ್ಕ ಕೊಡಿ” ಎಂದ. “ನಿಮ್ಮ ಕಾಲದಲ್ಲಿ ಎಷ್ಟು?” ಎಂದು ಈತ. ಕಬಡ್ಡಿಯಲ್ಲಿ ಔಟಾದವರನ್ನು ಎಣಿಸುವ ಹಾಗೆ ಸತ್ತವರನ್ನು ಎಣಿಸಿದರು. ನಿವೃತ್ತ ಪೊಲೀಸ್ ಅಧಿಕಾರಿಯೊಬ್ಬರು ನಿಧಾನವಾಗಿ, “ಕಳ್ಳ ಸುಮ್ಮನೆ ಬಾಯಿ ಬಿಡುವುದಿಲ್ಲ. ಆ ಕಷ್ಟ ಸ್ಟುಡಿಯೋದಲ್ಲಿ ಕೂತವರಿಗೆ ಗೊತ್ತಾಗುವುದಿಲ್ಲ” ಎಂದರು. ವಕೀಲೆಯೊಬ್ಬರು ಒಪ್ಪಂದದಲ್ಲಿ ಬರೆದದ್ದೇನೆಂದು ಹೇಳಲು ಮೂರು ಬಾರಿ ಬಾಯಿ ತೆರೆದರು; ಮೂರು ಬಾರಿಯೂ ನಿರೂಪಕ ತಡೆದ. ನಲವತ್ತು ನಿಮಿಷ ಇದೇ ನಡೆಯಿತು.

“ಇವರೆಲ್ಲ ಒಂದೇ ಮನಿಯವರೇನು?” ಎಂದು ಮಾನಮ್ಮ ಪಿಸುಗುಟ್ಟಿದಳು. “ಅಣ್ಣತಮ್ಮರು ಹೊಲಕ್ಕ ಬಡಿದಾಡಿದಂಗ ಆಡ್ತಾರ.”

ಕೊನೆಗೆ ನಿರೂಪಕ ದನಿ ತಗ್ಗಿಸಿದ. “ಯಾದಗಿರಿ ಜಿಲ್ಲೆಯಿಂದ ಒಬ್ಬ ಸಂತ್ರಸ್ತ ಮಹಿಳೆ ನಮ್ಮ ವರದಿಗಾರ ವಿಶ್ವರಾಧ್ಯ ಅವರ ಜೊತೆ ನೇರಪ್ರಸಾರದಲ್ಲಿದ್ದಾರೆ. ಅಮ್ಮಾ, ನಿಮ್ಮ ನೋವನ್ನು ನಾಡಿನ ಜನರ ಮುಂದೆ ಹೇಳಿ. ಅರ್ಧ ನಿಮಿಷ ಇದೆ.”

ಮಾನಮ್ಮ ಅಳಲಿಲ್ಲ. ಎರಡೂ ಕೈ ಮೊಣಕಾಲ ಮೇಲಿಟ್ಟುಕೊಂಡು, ಬೆಳಗ್ಗೆ ಓಣಿಯಲ್ಲಿ ಕೂಗುವ ದನಿಯಲ್ಲಿ ಶುರು ಮಾಡಿದಳು.

“ಅವತ್ತ ಸಂಜಿಕ ಠಾಣಾಕ ಹೋದೆ. ಗಂಡನ ಹೆಸರೇನು ಅಂತ ಕೇಳಿದ್ರು. ನಾ ಹೇಳಲಿಲ್ಲ. ಹೇಳಿದ್ರ ಆಯುಷ್ಯ ಕಡಿಮಿ ಆಗ್ತದ ಅಂತ ಹೇಳಲಿಲ್ಲ. ಒಳಗ ಕೆಮ್ಮಾಕತ್ತಿದ್ರು, ನನಗ ಕೇಳಸ್ತಿತ್ತು. ಆದ್ರೂ ಹೇಳಲಿಲ್ಲ. ತಪ್ಪಾತು. ಈಗ ಹೇಳ್ತೀನಿ, ಎಲ್ಲಾರೂ ಕೇಳ್ರಿ. ದ್ಯಾವಪ್ಪ. ಸಗರದ ದ್ಯಾವಪ್ಪ. ನನ್ನ ಗಂಡ ದ್ಯಾವಪ್ಪ!”

ಕೋಣೆಯ ತಗಡು ಅದುರಿದಂತಾಯಿತು. ನನ್ನ ಕಿವಿಯ ತಂತಿಯಲ್ಲಿ ಮಾತ್ರ ಬೇರೆ ದನಿ ಕೇಳುತ್ತಿತ್ತು: “ಹೆಸರು ಬಂತು, ಬೀಪ್ ಹಾಕಿ, ಮೂರಕ್ಕೂ ಹಾಕಿ.” ಪ್ರಸಾರ ಹತ್ತು ಸೆಕೆಂಡು ತಡವಾಗಿ ಹೋಗುತ್ತದೆ, ಇಂಥದ್ದಕ್ಕೇ ಆ ಹತ್ತು ಸೆಕೆಂಡು ಇರುವುದು. ನನ್ನ ಇನ್ನೊ‌ಂದು ಫೋನಿನಲ್ಲಿ ಚಾನೆಲ್ ಓಡುತ್ತಿತ್ತು. ಅದರ ದನಿಯನ್ನು ತುಸು ಏರಿಸಿ ಕಿವಿಗಿಟ್ಟುಕೊಂಡೆ. “ಎಲ್ಲಾರೂ ಕೇಳ್ರಿ” ಆದ ಮೇಲೆ ಕುಂಯ್ ಎಂದಿತು. ಸಗರದ, ಕುಂಯ್. ನನ್ನ ಗಂಡ, ಕುಂಯ್. “ಮನಕಲಕುವ ಮಾತು. ಒಂದು ಚಿಕ್ಕ ವಿರಾಮ,” ಎಂದ ನಿರೂಪಕ. ಬಂಗಾರದ ಅಂಗಡಿಯ ಜಾಹೀರಾತು ಬಂತು.

ಮಾನಮ್ಮ ಕಿವಿಯ ತಂತಿ ತೆಗೆದಿಟ್ಟಳು. ಮುಖ ಬೆವೆತಿತ್ತು, ಆದರೆ ನಾಲ್ಕು ವರ್ಷದಲ್ಲಿ ನಾನು ನೋಡಿರದಂತೆ ಹಗುರಾಗಿತ್ತು. ಚಹಾ ಕೇಳಿದಳು. ಕಪ್ಪಿನಿಂದ ಬಸಿಗೆ ಸುರಿದುಕೊಂಡು ಒಂದು ಗುಟುಕು ಕುಡಿದು ಕೇಳಿದಳು.

“ಬೆಂಗಳೂರಾಗೂ ಕೇಳಿಸೇತೇನು ತಮ್ಮ?”

“ಕೇಳಿಸೇತವ್ವ.”

“ದಿಲ್ಲಿಗಿ?”

“ದಿಲ್ಲಿಗೂ.”

ಒಂದು ಸುಳ್ಳಿಗೆ ಇನ್ನೊಂದನ್ನು ಸೇರಿಸುವುದು ನನ್ನಂಥವನಿಗೆ ಕಷ್ಟದ ಕೆಲಸವಲ್ಲ. ಬೈಕಿನಲ್ಲಿ ಸಗರಕ್ಕೆ ಕರೆದೊಯ್ಯುವಾಗ ದಾರಿಯುದ್ದಕ್ಕೂ ಹಿಂದೆ ಕೂತು ಮಾತಾಡಿದಳು. ದ್ಯಾವಪ್ಪ ಹೀಗಿದ್ದ, ದ್ಯಾವಪ್ಪ ಹಾಗೆ ಅನ್ನುತ್ತಿದ್ದ. ಹೊಸ ಚಪ್ಪಲಿ ಮೆಟ್ಟಿದವರು ಬೇಕೆಂದೇ ನಾಲ್ಕು ಹೆಜ್ಜೆ ಹೆಚ್ಚು ಹಾಕುವಂತೆ, ಮಾತು ಮಾತಿಗೆ ಆ ಹೆಸರನ್ನು ತರುತ್ತಿದ್ದಳು. ಆಗಲಾದರೂ ನಾನು ನಿಜ ಹೇಳಬೇಕಿತ್ತು, ಹೇಳಲಿಲ್ಲ.

ತಿಮ್ಮವ್ವನ ಮನೆಯ ಮುಂದೆ ಓಣಿಯೆಲ್ಲ ನೆರೆದಿತ್ತು. ತಿಮ್ಮವ್ವ ಎದ್ದು ಬಂದು ಆಕೆಯ ಕೈ ಹಿಡಿದಳು.

“ಬೇಷ್ ಮಾತಾಡಿದಿ ನೋಡವ್ವ. ಆದ್ರ ಹೆಸರು ಬಂದಲ್ಲಿ ಕುಂಯ್ ಅಂತಲ್ಲ, ಟಿವಿ ಕೆಟ್ಟದ ಏನ್ ಕಥಿ?”

ಪಂಚಶೀಲಾ ಫೋನು ತೆಗೆದು ತೋರಿಸಿದಳು. ಮಾನಮ್ಮ ತನ್ನ ಬಾಯಿ ಅಲ್ಲಾಡುವುದನ್ನು ನೋಡಿದಳು, ಕುಂಯ್ ಎನ್ನುವುದನ್ನು ಕೇಳಿದಳು. “ಇನ್ನೊಮ್ಮಿ ಹಾಕು,” ಎಂದಳು. ಮತ್ತೆ ಹಾಕಿಸಿದಳು. ಮೂರನೆಯ ಬಾರಿ ಮುಗಿದ ಮೇಲೆ ನನ್ನ ಕಡೆ ತಿರುಗಿದಳು.

“ನಿನ್ನ ಕಿವ್ಯಾಗೂ ತಂತಿ ಇತ್ತಲ್ಲ. ನಿನಗ ಗೊತ್ತಿತ್ತೇನು?”

“ಗೊತ್ತಿತ್ತು.”

“ನಿಮ್ಮ ಹೆಸರು ಮಾತ್ರ ಸ್ವಚ್ಛ ಕೇಳಸ್ತು ಸರ್,” ಎಂದಳು ಪಂಚಶೀಲಾ. ನೆಲ ಬಿರಿದು ನನ್ನನ್ನು ನುಂಗಬಾರದೆ ಅನಿಸಿತು. ಮಾನಮ್ಮ ಬೈಯಲಿಲ್ಲ. ಸೆರಗಿನಿಂದ ಮುಖ ಒರೆಸಿಕೊಂಡು, “ಇರೂ ಒಂದು ಹೆಸರು ಮುಚ್ಚಾಕ ಎಷ್ಟು ಮಂದಿ ಬೇಕಾದ್ರು ನೋಡು,” ಎಂದಷ್ಟೇ ಹೇಳಿ ಮನೆಗೆ ನಡೆದಳು. ಮರುದಿನ ಬೆಳಗ್ಗೆ ಓಣಿಯಲ್ಲಿ ಆಕೆಯ ದನಿ ಕೇಳಲಿಲ್ಲವಂತೆ. ಹೆಣ್ಣಾಳುಗಳು ತಾವಾಗಿಯೇ ಎದ್ದು ಹೋದರಂತೆ.

ಒಪ್ಪಂದದ ಗದ್ದಲ ವಾರದಲ್ಲಿ ತಣ್ಣಗಾಯಿತು. ಅಕ್ಕಿಕಾಳು ಇನ್ನೂ ಬಿದ್ದಿಲ್ಲ. ಸೋಮವಾರ ಬೆಳಗ್ಗೆ ನಾನು ಕೋಣೆಯ ಬೀಗ ತೆಗೆಯುವ ಹೊತ್ತಿಗೆ ಮಾನಮ್ಮ ಮೆಟ್ಟಿಲ ಮೇಲೆ ಕೂತಿದ್ದಳು.

“ಠಾಣಾಕ ಹೊಂಟೀನಿ. ನೀ ಬಾ. ನಾ ಹೆಸರು ಹೇಳಿದ್ದು ಕೇಳಿದಾಂವ ನೀ ಒಬ್ಬನೇ. ಸಾಕ್ಷಿಗಿ ಬಾ.”

ಬರುವುದಿಲ್ಲ ಅನ್ನಲು ನನಗೆ ಮುಖವಿರಲಿಲ್ಲ. ಬಸ್ಸಿಳಿದು ಆಕೆ ಮುಂದೆ, ನಾನು ಹಿಂದೆ. ಅದೇ ಮೇಜು, ಅದೇ ಬೆಂಚು ಎಂದಳು. ಮೇಜಿನ ಹಿಂದಿದ್ದ ಪೇದೆ ಮಾತ್ರ ಬೇರೆ, ಹೊಸದಾಗಿ ಸೇರಿದವನಂತೆ ಕಂಡ. ಪುಸ್ತಕ ಅಂಥದ್ದೇ ದೊಡ್ಡದಿತ್ತು.

“ಏನವ್ವ, ಏನಾಗಬೇಕು? ಕಂಪ್ಲೇಂಟೇನು?”

“ಕಂಪ್ಲೇಂಟ್ ಇಲ್ಲರಿ. ನಾಕು ವರ್ಷದ ಹಿಂದ ಇಲ್ಲಿ ನನ್ನ ಗಂಡನ ಹೆಸರು ಕೇಳಿದ್ರಿ. ಹೇಳಾಕ ಬಂದೀನಿ.”

ಪೇದೆಗೆ ಅರ್ಥವಾಗಲಿಲ್ಲ. ಆಕೆ ಆ ಸಂಜೆಯ ವಿಷಯ ಹೇಳಿದಳು, ಯಾವ ದಿನವೆಂಬುದನ್ನೂ ಹೇಳಿದಳು. ಅವನ ಮುಖ ಬಿಗಿಯಾಯಿತು. “ಆ ಪುಸ್ತಕ ಮುಗದು ಮ್ಯಾಲಿನ ಆಫೀಸಿಗಿ ಹೋಗ್ಯದ. ಅದರಾಗ ಈಗ ಏನೂ ಬರಿಯಾಕ ಬರಂಗಿಲ್ಲ.”

“ಹಂಗಾದ್ರ ಇದರಾಗ ಬರೀರಿ. ದ್ಯಾವಪ್ಪ. ಸಗರದ ದ್ಯಾವಪ್ಪ.”

“ನಡಿಯವ್ವ, ಸಾಹೇಬ್ರು ಬರೂ ಹೊತ್ತಾತು.”

ಮಾನಮ್ಮ ಬೆಂಚಿನ ಮೇಲೆ ಕೂತಳು. ಕೂತಲ್ಲಿಂದಲೇ ಕೂಗಿದಳು. “ದ್ಯಾವಪ್ಪಾ!” ಒಳಗಿನ ಕೋಣೆಗಳಿಂದ ತಲೆಗಳು ಹೊರಬಂದವು. “ದ್ಯಾವಪ್ಪಾ!” ರಸ್ತೆಯಲ್ಲಿ ಹೋಗುತ್ತಿದ್ದವರು ಗೇಟಿನ ಹತ್ತಿರ ನಿಂತರು. ಟಂಟಂ ಬಂದಿದೆ, ಏಳು ಎಂದು ಕರೆಯುವ ದನಿ ಅದು. ಪೇದೆ ಗಾಬರಿಯಾಗಿ ನನ್ನನ್ನು ನೋಡಿದ.

“ಸರ್, ಈಕಿನ್ನ ಕರಕೊಂಡು ಹೋಗ್ರಿ.”

“ಬರಕೊಂಡು ಬಿಡ್ರಿ, ಹೋಗ್ತಾಳ,” ಎಂದೆ. ಅಷ್ಟು ಮಾತಾಡಿದ್ದೇ ನನ್ನ ಪಾಲಿಗೆ ದೊಡ್ಡದಾಗಿತ್ತು.

ಪೇದೆ ಪೆನ್ನು ಎತ್ತಿದ. ಪುಟ ತಿರುಗಿಸಿ ದಿನಾಂಕ ಹಾಕಿದ. ಆಮೇಲೆ ತಲೆ ಎತ್ತದೆ ಕೇಳಿದ: “ನೀವ್ಯಾರು? ನಿಮ್ಮ ಹೆಸರು?”

ನಾನು ಆ ಪುಸ್ತಕ ನೋಡಿದೆ. ಈ ಪುಸ್ತಕ ಸಾಹೇಬರ ಮುಂದೆ ಹೋಗುತ್ತದೆ. ಸಾಹೇಬರು ಫೋನು ಮಾಡುತ್ತಾರೆ. ನಾಳೆಯಿಂದ ಯಾವ ಠಾಣೆಯವರೂ ನನಗೆ ಸುದ್ದಿ ಕೊಡುವುದಿಲ್ಲ, ಡೆಸ್ಕಿನವರು ಬೇರೆಯವನನ್ನು ಹುಡುಕಿಕೊಳ್ಳುತ್ತಾರೆ. ಇನ್ನೂ ಏನೇನೋ ಆಗಬಹುದು, ಕಾಲುವೆ ಎಲ್ಲ ಊರಿನ ಪಕ್ಕದಲ್ಲೂ ಹರಿಯುತ್ತದೆ. ದಿನಕ್ಕೆ ನಾಲ್ಕು ಬಾರಿ ಟಿವಿಯಲ್ಲಿ ಹೇಳಿ ಮುಗಿಸುವ ನನ್ನ ಹೆಸರು ಅದು. ಬಾಯಿಗೆ ಬರಲಿಲ್ಲ. ತಿವಿಯಲು ಪಕ್ಕದಲ್ಲಿ ಯಾರಾದರೂ ಇದ್ದಾರೆಯೇ ಎಂದು ನಾನೂ ತಿರುಗಿ ನೋಡಿದೆ. ಪಕ್ಕದಲ್ಲಿದ್ದವಳು ಮಾನಮ್ಮ.

ಆಕೆ ನನ್ನ ಮುಖವನ್ನು ಒಂದು ಗಳಿಗೆ ನೋಡಿದಳು. ಅಂಥ ಮೌನದ ಒಳಹೊರಗೆಲ್ಲ ಆಕೆಗೆ ಗೊತ್ತು. “ಅಂವಂದ್ಯಾಕ ಬಿಡ್ರಿ,” ಎಂದಳು ಪೇದೆಗೆ. “ನಮ್ಮದಷ್ಟು ಬರೀರಿ.”

ಪೇದೆ ಬರೆದ. ಬರೆದು ಮುಗಿಸಿ ಪೆನ್ನಿನ ಟೊಪ್ಪಿಗೆ ಹಾಕಿದ. ಮಾನಮ್ಮ ಎದ್ದು ಮೇಜಿನ ಹತ್ತಿರ ಹೋಗಿ, ಓದಲು ಬಾರದ ಆ ಪುಟದ ಮೇಲೆ ಬಗ್ಗಿ, ನನ್ನನ್ನು ಕರೆದಳು.

“ಏನ್ ಬರದಾನ, ಓದಿ ಹೇಳು ತಮ್ಮ.”

ನಾನು ಓದಿದೆ. “ಈ ದಿನ ಬೆಳಗ್ಗೆ ಸಗರದ ಮಾನಮ್ಮ ಎಂಬಾಕೆ ಬಂದು ತನ್ನ ಗಂಡನ ಹೆಸರು ದ್ಯಾವಪ್ಪ ಎಂದು ಹೇಳಿದಳು.”

ಆಕೆ ಆ ಸಾಲಿನ ಮೇಲೆ ಬೆರಳಿಟ್ಟಳು. ಬೆರಳು ಸಾಲಿನ ಗುಂಟ ಹೋಗಿ, ಕೆಳಗಿನ ಸಾಲಿಗೆ ಇಳಿದು ನಿಂತಿತು.

“ಇಲ್ಲಿ ಇನ್ನೊಂದು ಅದಲ್ಲ. ಇದೇನು?”

ಏನೂ ಇಲ್ಲ ಎನ್ನಬಹುದಿತ್ತು. ಆಕೆಗೆ ತಿಳಿಯುತ್ತಿರಲಿಲ್ಲ. ಆದರೂ ಓದಿ ಹೇಳಿದೆ.

“ಜೊತೆಗೆ ಬಂದ ಗಂಡಸು ಹೆಸರು ಹೇಳಲಿಲ್ಲ.”